ಮತಪೆಟ್ಟಿಗೆಯೂ ಮದುವೆಯ ಹಂದರವೂ



ಅಕ್ಕಲಕೋಟೆ ಕಡೆಯ ಭಕ್ತರೊಬ್ಬರು ಶ್ರೀಮಠಕ್ಕೆ ಒಂದು ಕಾಗದ ಬರೆದಿದ್ದಾರೆ. ಅವರ ಮಗ ಅಮೆರಿಕೆಯ ಕ್ಯಾಲಿಫೋರ್ನಿಯಾ ರಾಜ್ಯದಲ್ಲಿ ಕಂಪ್ಯೂಟರ್ ಕೆಲಸದಲ್ಲಿದ್ದು, ಅಲ್ಲಿಯ ಪೌರತ್ವ ಪಡೆದು ಮತದಾರನೂ ಆಗಿದ್ದಾನೆ. ೨೦೨೪ರ ನವೆಂಬರಿನಲ್ಲಿ ಅಲ್ಲಿ ಚುನಾವಣೆ ನಡೆದಾಗ, ಅಧ್ಯಕ್ಷರು ಯಾರಾಗಬೇಕು ಎಂಬುದರ ಜೊತೆಗೆ ಮತಪತ್ರದಲ್ಲಿ ಇನ್ನೊಂದು ಪ್ರಶ್ನೆಯೂ ಇತ್ತು. ಗಂಡು ಗಂಡನ್ನು, ಹೆಣ್ಣು ಹೆಣ್ಣನ್ನು ಮದುವೆಯಾಗಬಾರದು ಎಂಬ ಮಾತು ರಾಜ್ಯದ ಸಂವಿಧಾನದಲ್ಲಿ ಬರೆದಿದೆ. ಅದು ಇರಲೋ, ತೆಗೆಯಲೋ? ಮಗ ತಂದೆಯನ್ನು ಕೇಳಿದ. ತಂದೆಗೆ ಉತ್ತರ ಹೊಳೆಯಲಿಲ್ಲ. "ಇಂಥಾದ್ದಕ್ಕೂ ವೋಟ ಹಾಕಸ್ತಾರೇನ್ರಿ ಅಪ್ಪಾರ? ಇದಕ್ಕ ಮಠದ ಅಪ್ಪಣಿ ಏನೈತ್ರಿ?" ಎಂದು ಕೇಳಿದ್ದಾರೆ.

ಆ ಮತದಾನವೇನೋ ಮುಗಿಯಿತು, ಫಲಿತಾಂಶವೂ ಬಂತು. ಆದರೆ ಹಿರಿಯರು ಕೇಳಿದ ಎರಡೂ ಪ್ರಶ್ನೆಗಳು ಹಾಗೆಯೇ ಉಳಿದಿವೆ. ಇಂಥದ್ದಕ್ಕೂ ಮತ ಹಾಕಿಸಬಹುದೇ? ಮತ್ತು ಇಂಥ ಹೊತ್ತಿನಲ್ಲಿ ಮಠ ಏನು ಹೇಳಬೇಕು? ಹಲವರಿಗೆ ಈ ವಿಷಯವೇ ಮುಜುಗರ ತರುವುದೆಂದು ಬಲ್ಲೆವು. ಆದರೂ ಕೇಳಿದವರು ಸುಮ್ಮನೆ ಕೇಳಿಲ್ಲ. ಆದ್ದರಿಂದ ತಾವೂ ಸಾವಧಾನವಾಗಿ ಓದಬೇಕು.

ಅಲ್ಲಿಯ ಪದ್ಧತಿ ನಮ್ಮಂಥದಲ್ಲ. ನಮ್ಮ ದೇಶದಲ್ಲಿ ಸಂವಿಧಾನ ತಿದ್ದಬೇಕಾದರೆ ಸಂಸತ್ತಿನ ಎರಡೂ ಸಭೆಗಳಲ್ಲಿ ಮತ ಹಾಕಿದವರ ಮೂರರಲ್ಲಿ ಎರಡು ಪಾಲು ಒಪ್ಪಬೇಕು, ಕೆಲವು ಬಾಬತ್ತುಗಳಿಗೆ ಅರ್ಧದಷ್ಟು ರಾಜ್ಯಗಳೂ ಹೂಂ ಎನ್ನಬೇಕು. ಕ್ಯಾಲಿಫೋರ್ನಿಯಾದಲ್ಲಿ ಹಾಗಿಲ್ಲ. ಹಿಂದಿನ ಗವರ್ನರ್ ಚುನಾವಣೆಯಲ್ಲಿ ಬಿದ್ದ ಮತಗಳ ನೂರಕ್ಕೆ ೮ರಷ್ಟು ಸಹಿ ಕೂಡಿಸಿದರೆ ಯಾರಾದರೂ ಸಂವಿಧಾನಕ್ಕೆ ತಿದ್ದುಪಡಿಯನ್ನು ಜನರ ಮುಂದೆ ಇಡಬಹುದು. ಬಿದ್ದ ಮತಗಳಲ್ಲಿ ಅರ್ಧಕ್ಕಿಂತ ಒಂದು ಹೆಚ್ಚಾದರೂ ಸಾಕು, ಸಂವಿಧಾನ ಬದಲಾಯಿತು. ಈ ಪದ್ಧತಿ ೧೯೧೧ರಲ್ಲಿ ಹೈರಮ್ ಜಾನ್ಸನ್ ಎಂಬ ಗವರ್ನರರ ಕಾಲಕ್ಕೆ ಬಂತು. ಆಗ ಸದರ್ನ್ ಪೆಸಿಫಿಕ್ ಎಂಬ ರೈಲ್ವೆ ಕಂಪನಿ ಶಾಸನಸಭೆಯನ್ನೇ ಕಿಸೆಯಲ್ಲಿ ಇಟ್ಟುಕೊಂಡಿತ್ತು. ರೈತ ಬೆಳೆದ ಮಾಲು ಪೇಟೆಗೆ ಹೋಗಬೇಕಾದರೆ ಅದು ಹೇಳಿದ್ದೇ ಬಾಡಿಗೆ. ಆ ಹಿಡಿತ ಬಿಡಿಸಲು ಜನರ ಕೈಗೆ ಕೊಟ್ಟ ಆಯುಧ ಇದು. ಉದ್ದೇಶ ಒಳ್ಳೆಯದೇ. ಆದರೆ ಕುಡುಗೋಲು ಕಣಿಕೆ ಕೊಯ್ಯಲು ಕೊಟ್ಟದ್ದೆಂದು ಕಣಿಕೆಯನ್ನಷ್ಟೇ ಕೊಯ್ಯುವುದಿಲ್ಲವಲ್ಲ.

೨೦೦೮ರ ನವೆಂಬರ್ ೪, ಬರಾಕ್ ಒಬಾಮಾ ಅಧ್ಯಕ್ಷರಾಗಿ ಆರಿಸಿ ಬಂದ ದಿನ. ಅದೇ ದಿನ ಕ್ಯಾಲಿಫೋರ್ನಿಯಾದ ಮತಪತ್ರದಲ್ಲಿ ೮ನೆಯ ಪ್ರಸ್ತಾವ ಇತ್ತು. ಇಂಗ್ಲಿಷಿನಲ್ಲಿ ಹದಿನಾಲ್ಕೇ ಶಬ್ದ. ಗಂಡು ಹೆಣ್ಣಿನ ನಡುವಿನ ಮದುವೆ ಮಾತ್ರ ಈ ರಾಜ್ಯದಲ್ಲಿ ಸಿಂಧು, ಅದಕ್ಕೆ ಮಾತ್ರ ಮನ್ನಣೆ ಎಂದು ಅದರ ಅರ್ಥ. ಎರಡೂ ಕಡೆಯವರು ಕೂಡಿ ಖರ್ಚು ಮಾಡಿದ್ದು ೮ ಕೋಟಿ ಡಾಲರಿಗೂ ಹೆಚ್ಚು. ಹೌದೆಂದವರು ೭೦ ಲಕ್ಷ, ಅಲ್ಲವೆಂದವರು ೬೪ ಲಕ್ಷ. ನೂರಕ್ಕೆ ೫೨ ಮತದಿಂದ ಪ್ರಸ್ತಾವ ಗೆದ್ದಿತು.

ಅದೇ ಮತಪತ್ರದಲ್ಲಿ ೨ನೆಯ ಪ್ರಸ್ತಾವವೊಂದಿತ್ತು. ಅದು ದನಕರು ಸಾಕುವ ತಾವು ಕೇಳಬೇಕಾದ ಮಾತು. ತತ್ತಿಯಿಡುವ ಕೋಳಿ, ಗಬ್ಬಾದ ಹಂದಿ, ಎಳೆಗರು, ಇವುಗಳನ್ನು ಹೊರಳಲೂ ಬಾರದಷ್ಟು ಇಕ್ಕಟ್ಟಿನ ಗೂಡಿನಲ್ಲಿ ಕೂಡಬಾರದು, ಕೈಕಾಲು ಚಾಚಿ ತಿರುಗುವಷ್ಟು ಜಾಗವಿರಬೇಕು ಎಂಬ ಕಾಯಿದೆ. ಅದಕ್ಕೆ ೮೦ ಲಕ್ಷಕ್ಕೂ ಹೆಚ್ಚು ಜನ ಹೌದೆಂದರು, ನೂರಕ್ಕೆ ೬೩. ಲೆಕ್ಕ ಹಾಕಿ ನೋಡಿರಿ, ಕೋಳಿಗೆ ರೆಕ್ಕೆ ಬಿಚ್ಚುವಷ್ಟು ಜಾಗ ಕೊಟ್ಟವರಲ್ಲಿ ಎಷ್ಟೋ ಜನ ಅದೇ ಹಾಳೆಯ ಇನ್ನೊಂದು ಸಾಲಿನಲ್ಲಿ ನೆರೆಮನೆಯವರ ಮದುವೆಗೆ ಜಾಗವಿಲ್ಲ ಎಂದಿದ್ದಾರೆ. ಅವರು ದಯೆಯಿಲ್ಲದ ಜನವಲ್ಲ. ಮನುಷ್ಯನ ದಯೆಗೆ ಎಲ್ಲೋ ಒಂದು ಬೇಲಿ ಇರುತ್ತದೆ. ಆ ಬೇಲಿ ಎಲ್ಲಿದೆಯೆಂದು ಅವನಿಗೇ ಅನೇಕ ಸಲ ತಿಳಿದಿರುವುದಿಲ್ಲ.

ಆ ನೆರೆಮನೆಯವರು ಯಾರು? ಒಂದು ಜೋಡಿಯ ಮಾತು ಹೇಳುತ್ತೇವೆ, ಊರೆಲ್ಲ ಬಲ್ಲ ಮಾತು. ಡೆಲ್ ಮಾರ್ಟಿನ್, ಫಿಲಿಸ್ ಲಿಯಾನ್ ಎಂಬ ಇಬ್ಬರು ಹೆಣ್ಣುಮಕ್ಕಳು ೧೯೫೩ರಿಂದ ಸ್ಯಾನ್ ಫ್ರಾನ್ಸಿಸ್ಕೋ ನಗರದಲ್ಲಿ ಒಂದೇ ಮನೆಯಲ್ಲಿ ಸಂಸಾರ ಮಾಡಿಕೊಂಡಿದ್ದರು. ೨೦೦೪ರ ಫೆಬ್ರವರಿ ೧೨ರಂದು ಆ ಊರ ಮೇಯರ್ ಗೇವಿನ್ ನ್ಯೂಸಮ್ ಇಂಥವರಿಗೂ ಮದುವೆಯ ಪರವಾನಗಿ ಕೊಡಿಸಿದಾಗ ಮೊದಲ ಪರವಾನಗಿ ಇವರದು. ಕೂಡಿ ಬಾಳಿ ಆಗಲೇ ಐವತ್ತೊಂದು ವರುಷ. ಅದೇ ಆಗಸ್ಟಿನಲ್ಲಿ ರಾಜ್ಯದ ಸುಪ್ರೀಂ ಕೋರ್ಟು, ಕಾಯಿದೆ ಬದಲಿಸುವ ಅಧಿಕಾರ ಮೇಯರಿಗಿಲ್ಲವೆಂದು ಅಂಥ ಎಲ್ಲ ಮದುವೆಗಳನ್ನೂ ರದ್ದು ಮಾಡಿತು. ೨೦೦೮ರ ಮೇ ೧೫ರಂದು ಅದೇ ಕೋರ್ಟು ನಾಲ್ಕು ಜನ ಒಂದು ಕಡೆ, ಮೂವರು ಒಂದು ಕಡೆಯಾಗಿ, ಇಂಥವರಿಗೆ ಮದುವೆ ನಿರಾಕರಿಸುವುದು ರಾಜ್ಯದ ಸಂವಿಧಾನಕ್ಕೆ ವಿರುದ್ಧ ಎಂದು ತೀರ್ಮಾನಿಸಿತು. ಜೂನ್ ೧೬ರಂದು ಅವರಿಬ್ಬರೂ ಎರಡನೆಯ ಸಲ ಮದುವೆಯಾದರು. ಡೆಲ್ ಅವರಿಗೆ ಆಗ ೮೭ ವರುಷ. ಹತ್ತು ವಾರಕ್ಕೆ, ಆಗಸ್ಟ್ ೨೭ರಂದು ಅವರು ತೀರಿಕೊಂಡರು. ನವೆಂಬರಿನಲ್ಲಿ ಜನ ಮತ ಹಾಕುವಾಗ ಉಳಿದದ್ದು ಒಬ್ಬ ಮುದುಕಿ ಮತ್ತು ಒಂದು ಮದುವೆಯ ಕಾಗದ.

ಇಲ್ಲಿ ಒಂದು ಸೂಕ್ಷ್ಮವಿದೆ. ಕ್ಯಾಲಿಫೋರ್ನಿಯಾದಲ್ಲಿ ಇಂಥ ಜೋಡಿಗಳಿಗೆ ಅದಕ್ಕೂ ಮೊದಲೇ ನೋಂದಣಿಯ ವ್ಯವಸ್ಥೆಯಿತ್ತು. ಆಸ್ತಿಯ ವಾರಸಾ, ಆಸ್ಪತ್ರೆ, ಮಕ್ಕಳ ಜವಾಬುದಾರಿ, ರಾಜ್ಯ ಕೊಡುವ ಬಹುತೇಕ ಹಕ್ಕುಗಳು ೨೦೦೫ರಿಂದ ಅದರಲ್ಲೇ ಸಿಗುತ್ತಿದ್ದವು. ಇಲ್ಲದ್ದು ಮದುವೆ ಎಂಬ ಹೆಸರು ಮಾತ್ರ. ಹಾಗಾದರೆ ಬರೀ ಹೆಸರಿಗಾಗಿ ಇಷ್ಟು ಜಗಳವೇ ಎಂದು ತಾವು ಕೇಳಬಹುದು. ದಾಸೋಹದ ಮನೆಯಲ್ಲಿ ಉಂಡವರಿಗೆ ಇದರ ಉತ್ತರ ನಾವು ಹೇಳಬೇಕಾಗಿಲ್ಲ. ಅನ್ನ ಒಂದೇ, ಸಾರು ಒಂದೇ, ತುಪ್ಪವೂ ಒಂದೇ. ಆದರೆ ನಿಮ್ಮ ಪಂಕ್ತಿ ಮಾತ್ರ ಆಚೆಯ ಪಡಸಾಲೆಯಲ್ಲಿ ಎಂದರೆ ಹೊಟ್ಟೆ ತುಂಬುತ್ತದೆ, ಊಟವಾಗುವುದಿಲ್ಲ. ಪಂಕ್ತಿಭೇದವೆಂದರೆ ಏನೆಂದು ತಿಳಿದ ಸಮಾಜ ನಮ್ಮದು. ಬೇರೆ ಹೆಸರು ಕೊಡುವುದೇ ಅವರನ್ನು ಕೀಳು ಎಂದು ಗುರುತು ಮಾಡಿದಂತಾಗುತ್ತದೆ ಎಂಬುದೇ ೨೦೦೮ರ ಆ ತೀರ್ಪಿನ ತಿರುಳು.

ಇನ್ನು ಹೌದೆಂದು ಮತ ಹಾಕಿದವರ ಮಾತನ್ನೂ ನ್ಯಾಯವಾಗಿ ಹೇಳಬೇಕು. ಅವರಲ್ಲಿ ಬಹುಪಾಲು ಜನ ದ್ವೇಷಕ್ಕೆ ಹಾಕಿದವರಲ್ಲ. ಮದುವೆ ದೇವರು ಕೊಟ್ಟದ್ದು, ಸಂತಾನಕ್ಕೆಂದು ಆದದ್ದು, ನಾಲ್ಕು ನ್ಯಾಯಾಧೀಶರು ಅದರ ಅರ್ಥ ಬದಲಿಸಲು ಯಾರು ಎಂಬುದು ಒಂದು ವಾದ. ನಾಳೆ ಶಾಲೆಯಲ್ಲಿ ನಮ್ಮ ಮಕ್ಕಳಿಗೆ ನಮ್ಮ ನಂಬಿಕೆಗೆ ವಿರುದ್ಧವಾದದ್ದನ್ನು ಕಲಿಸುತ್ತಾರೆ ಎಂಬುದು ಇನ್ನೊಂದು ಅಂಜಿಕೆ. ಕ್ಯಾಥೊಲಿಕ್ ಬಿಷಪ್ಪರು ಹೌದೆನ್ನಿರಿ ಎಂದರು. ಎಪಿಸ್ಕೋಪಲ್ ಚರ್ಚಿನ ಅಲ್ಲಿಯ ಬಿಷಪ್ಪರು ಬೇಡವೆನ್ನಿರಿ ಎಂದರು. ದೇವರ ಹೆಸರಿನಲ್ಲಿಯೇ ಎರಡೂ ಮಾತು.

ಎಲ್ಲಕ್ಕಿಂತ ಹೆಚ್ಚು ದುಡಿದವರು ಮಾರ್ಮನ್ ಪಂಥದವರು. ರಾಜ್ಯದ ಜನಸಂಖ್ಯೆಯಲ್ಲಿ ಅವರು ನೂರಕ್ಕೆ ಎರಡರಷ್ಟು. ೨೦೦೮ರ ಜೂನ್ ಕೊನೆಗೆ ಅವರ ಮುಖ್ಯ ಪೀಠದಿಂದ ಬಂದ ಪತ್ರವನ್ನು ಕ್ಯಾಲಿಫೋರ್ನಿಯಾದ ಅವರ ಎಲ್ಲ ಪ್ರಾರ್ಥನಾ ಮಂದಿರಗಳಲ್ಲಿ ಓದಿ ಹೇಳಲಾಯಿತು: ನಿಮ್ಮ ಹಣ, ನಿಮ್ಮ ಸಮಯ ಈ ಕಾರ್ಯಕ್ಕೆ ಕೊಡಿರಿ ಎಂದು. ಭಕ್ತರು ಗುರುವಾಕ್ಯವೆಂದು ಕೊಟ್ಟರು. ಹೌದು ಪಕ್ಷದ ನಿಧಿಯ ದೊಡ್ಡ ಪಾಲು ಅವರ ಕೈಯಿಂದಲೇ ಬಂತು.

ಈ ಪಂಥದ ಹಿಂದಿನ ಕಥೆ ಗೊತ್ತಿದ್ದವರಿಗೆ ಇದು ಇನ್ನಷ್ಟು ಚುಚ್ಚುತ್ತದೆ. ೧೯ನೆಯ ಶತಮಾನದಲ್ಲಿ ಅವರಲ್ಲಿ ಒಬ್ಬ ಪುರುಷ ಹಲವು ಹೆಂಡಿರನ್ನು ಮದುವೆಯಾಗುವ ಪದ್ಧತಿಯಿತ್ತು. ಅಮೆರಿಕದ ಬಹುಸಂಖ್ಯಾತರಿಗೆ ಅದು ಅಸಹ್ಯವೆನಿಸಿತು. ೧೮೮೨ರ ಕಾಯಿದೆಯಿಂದ ಅಂಥವರನ್ನು ಜೈಲಿಗೆ ಹಾಕಿದರು, ಮತದ ಹಕ್ಕು ಕಸಿದರು. ೧೮೮೭ರ ಕಾಯಿದೆಯಿಂದ ಚರ್ಚಿನ ಸಂಸ್ಥೆಯನ್ನೇ ವಿಸರ್ಜಿಸಿ ಆಸ್ತಿ ಜಪ್ತಿಗೆ ಹೊರಟರು. ೧೮೯೦ರಲ್ಲಿ ಚರ್ಚು ಆ ಪದ್ಧತಿ ಬಿಟ್ಟಿತು. (ಆ ಪದ್ಧತಿ ಸರಿಯಿತ್ತೆಂದು ನಾವು ಹೇಳುತ್ತಿಲ್ಲ, ಒಬ್ಬನ ಮನೆಯಲ್ಲಿ ಹಲವು ಹೆಂಡಿರ ಗೋಳು ನಮಗೂ ಗೊತ್ತು.) ನಮ್ಮ ಮದುವೆಯ ವಿಷಯದಲ್ಲಿ ಹೊರಗಿನ ಬಹುಮತ ಕೈ ಹಾಕಿತೆಂದು ಮೂರು ತಲೆಮಾರು ಹಾಡಿಕೊಂಡು ಅತ್ತವರ ಮೊಮ್ಮಕ್ಕಳು, ಇನ್ನೊಬ್ಬರ ಮದುವೆಗೆ ಬಹುಮತದ ಬೀಗ ಹಾಕಲು ಮನೆಮನೆ ತಿರುಗಿದರು.

ಗೆದ್ದ ಮೇಲೆ ಏನಾಯಿತು? ಅಲ್ಲಿಯ ಕಾಯಿದೆಯಂತೆ ೧೦೦ ಡಾಲರಿನಿಂದ ಮೇಲೆ ದೇಣಿಗೆ ಕೊಟ್ಟವರ ಹೆಸರು, ಉದ್ಯೋಗ ಎಲ್ಲರಿಗೂ ಬಹಿರಂಗ. ಸೋತವರು ಸಿಟ್ಟಿನಿಂದ ಮಾರ್ಮನ್ನರ ಮಂದಿರಗಳ ಮುಂದೆ ನೆರೆದರು. ದೇಣಿಗೆ ಕೊಟ್ಟವರ ಅಂಗಡಿ, ಹೋಟೆಲುಗಳಿಗೆ ಬಹಿಷ್ಕಾರ ಹಾಕಿದರು. ಕೆಲವರು ನೌಕರಿ ಬಿಡಬೇಕಾಯಿತು. ಪೇಟೆಯಲ್ಲಿ ಕೂತು ವ್ಯಾಪಾರ ಮಾಡುವ ಭಕ್ತರಿಗೆ ಇದರ ಬಿಸಿ ಅರ್ಥವಾದೀತು. ಅಡತಿಯ ಕಟ್ಟೆಗೆ ಎಲ್ಲ ಮತದವರೂ ಬರುತ್ತಾರೆ. ಗಿರಾಕಿಯ ಮದುವೆಯ ಮೇಲೆ ಮತ ಹಾಕಿ ಮರುದಿನ ಅವನಿಗೇ ತಕ್ಕಡಿ ಹಿಡಿಯುವುದು ಸುಲಭದ ಮಾತಲ್ಲ. ಆಮೇಲೆ ಇದೇ ಪಂಥವೇ ನಿಧಾನವಾಗಿ ದಾರಿ ಬದಲಿಸಿತೆಂಬುದನ್ನೂ ಹೇಳಬೇಕು. ಮದುವೆಯ ಬಗ್ಗೆ ತನ್ನ ಸಿದ್ಧಾಂತ ಬಿಡಲಿಲ್ಲ. ಆದರೆ ೨೦೨೨ರಲ್ಲಿ ಇಂಥ ಮದುವೆಗಳಿಗೆ ದೇಶದಾದ್ಯಂತ ಮನ್ನಣೆ ಕೊಡುವ, ಜೊತೆಗೆ ಧಾರ್ಮಿಕ ಸಂಸ್ಥೆಗಳ ಸ್ವಾತಂತ್ರ್ಯವನ್ನೂ ಕಾಯುವ ಕೇಂದ್ರದ ಕಾಯಿದೆಗೆ ಬೆಂಬಲ ಸಾರಿತು.

ಆದ್ದರಿಂದ ಅಕ್ಕಲಕೋಟೆಯ ಹಿರಿಯರ ಎರಡನೆಯ ಪ್ರಶ್ನೆಗೆ ಇಲ್ಲಿಯೇ ಉತ್ತರ: ಮಠದ ಅಪ್ಪಣೆ ಇಲ್ಲ. ಮಠಕ್ಕೆ ಅಭಿಪ್ರಾಯವಿಲ್ಲವೆಂದಲ್ಲ. ಗದ್ದುಗೆಯಿಂದ ಮತದ ಚೀಟಿ ಹಂಚಲು ಹೊರಟ ದಿನ, ಗದ್ದುಗೆಯ ಮುಂದೆ ಕೂತವರಲ್ಲಿ ನೂರಕ್ಕೆ ಐವತ್ತೆರಡು ಜನ ಒಳಗಿನವರು, ನಲವತ್ತೆಂಟು ಜನ ಹೊರಗಿನವರು ಆಗಿಬಿಡುತ್ತಾರೆ. ಮಗ ವಿದ್ಯಾವಂತನಿದ್ದಾನೆ. ಮತಪತ್ರದ ಜೊತೆಗೆ ಅಲ್ಲಿ ಪರ ವಿರೋಧ ಎರಡೂ ವಾದ ಅಚ್ಚಾದ ಪುಸ್ತಿಕೆ ಮನೆಗೇ ಬರುತ್ತದೆ, ಓದಿ ತನ್ನ ಅಂತಃಸಾಕ್ಷಿಯಂತೆ ಹಾಕುತ್ತಾನೆ.

ಈಗ ಮೊದಲ ಪ್ರಶ್ನೆ. ಇಂಥದ್ದಕ್ಕೂ ಮತ ಹಾಕಿಸಬಹುದೇ?

ಕ್ಯಾಲಿಫೋರ್ನಿಯಾದ ಕೋರ್ಟಿಗೂ ಇದೇ ಪ್ರಶ್ನೆ ಹೋಯಿತು. ಸೋತವರು ಹೇಳಿದ್ದಿಷ್ಟು: ಒಂದು ಸಣ್ಣ ಗುಂಪಿನ ಸಮಾನತೆಯ ಹಕ್ಕನ್ನು ಬರೀ ಬಹುಮತದಿಂದ ಕಿತ್ತುಕೊಳ್ಳುವುದು ತಿದ್ದುಪಡಿಯಲ್ಲ, ಸಂವಿಧಾನದ ಅಡಿಪಾಯವನ್ನೇ ಅಲುಗಿಸುವುದು, ಅದಕ್ಕೆ ಸಹಿ ಸಂಗ್ರಹದ ದಾರಿ ಸಾಲದು. ೨೦೦೯ರ ಮೇ ೨೬ರಂದು ಏಳರಲ್ಲಿ ಆರು ನ್ಯಾಯಾಧೀಶರು ಈ ವಾದ ಒಪ್ಪಲಿಲ್ಲ. ಹಿಂದಿನ ವರುಷ ಮದುವೆಯ ಪರವಾಗಿ ತೀರ್ಪು ಬರೆದ ಮುಖ್ಯ ನ್ಯಾಯಾಧೀಶ ರೊನಾಲ್ಡ್ ಜಾರ್ಜ್ ಅವರೇ, ಜನರ ತಿದ್ದುಪಡಿ ಸಿಂಧುವೆಂದು ಬರೆಯಬೇಕಾಯಿತು. ಕಾರ್ಲೋಸ್ ಮೊರೆನೊ ಎಂಬ ಒಬ್ಬ ನ್ಯಾಯಾಧೀಶರು ಮಾತ್ರ ಬೇರೆ ನಿಂತರು. ಆದರೆ ಒಂದು ವಿಷಯದಲ್ಲಿ ಏಳೂ ಜನ ಕೂಡಿದರು: ಜೂನಿನಿಂದ ನವೆಂಬರಿನ ನಡುವೆ ಆಗಿಹೋದ ಸುಮಾರು ೧೮,೦೦೦ ಮದುವೆಗಳು ಸಿಂಧುವಾಗಿಯೇ ಉಳಿಯುತ್ತವೆ. ಹೀಗೆ ಒಂದೇ ಓಣಿಯಲ್ಲಿ ಒಂದು ಮನೆಯವರು ದಂಪತಿಗಳು, ಪಕ್ಕದ ಮನೆಯವರು ಅಲ್ಲ. ಇಬ್ಬರಲ್ಲಿ ವ್ಯತ್ಯಾಸ ಪಂಚಾಂಗದ ತಾರೀಖು ಮಾತ್ರ.

ಈ ವಾದ ಎಲ್ಲೋ ಕೇಳಿದಂತಿದೆಯಲ್ಲ ಎಂದು ಕಾಸರಗೋಡಿನ ಭಕ್ತರಿಗೆ ಅನಿಸಿರಬೇಕು. ಅವರಿಗೆ ಎಡನೀರು ದೂರವಲ್ಲ. ಎಡನೀರು ಮಠದ ಕೇಶವಾನಂದ ಭಾರತೀ ಸ್ವಾಮಿಗಳು ಮಠದ ಜಮೀನಿನ ಸಲುವಾಗಿ ೧೯೭೦ರಲ್ಲಿ ದಿಲ್ಲಿಯ ಸುಪ್ರೀಂ ಕೋರ್ಟಿಗೆ ಹೋದರು. ಹದಿಮೂರು ನ್ಯಾಯಾಧೀಶರು ಕೂತು ಕೇಳಿದರು. ೧೯೭೩ರ ಏಪ್ರಿಲ್ ೨೪ರಂದು ಏಳು ಜನ ಒಂದು ಕಡೆ, ಆರು ಜನ ಒಂದು ಕಡೆಯಾಗಿ ಬಂದ ತೀರ್ಪು: ಸಂಸತ್ತು ಸಂವಿಧಾನವನ್ನು ತಿದ್ದಬಹುದು, ಆದರೆ ಅದರ ಮೂಲ ಸ್ವರೂಪವನ್ನು ಕೆಡಿಸುವಂತಿಲ್ಲ. ಜಮೀನಿನ ಮಟ್ಟಿಗೆ ಸ್ವಾಮಿಗಳಿಗೆ ಲಾಭವಾಗಲಿಲ್ಲ. ಆದರೆ ೨೦೨೦ರಲ್ಲಿ ಲಿಂಗೈಕ್ಯರಾಗುವವರೆಗೂ, ಅಲ್ಲ, ಅವರ ಸಂಪ್ರದಾಯದಂತೆ ಹೇಳುವುದಾದರೆ ಬ್ರಹ್ಮೀಭೂತರಾಗುವವರೆಗೂ, ದೇಶದ ವಕೀಲರೆಲ್ಲರ ಬಾಯಲ್ಲಿ ಆ ಸರಹದ್ದಿನ ಕನ್ನಡ ಮಠಾಧೀಶರ ಹೆಸರು ನಿಂತಿತು. ಎಷ್ಟೇ ತಲೆಗಳು ಕೂಡಿ ಕೈ ಎತ್ತಿದರೂ ಮುಟ್ಟಬಾರದ್ದು ಕೆಲವುಂಟು ಎಂಬುದೇ ಅದರ ಸಾರ.

ಸದ್ಭಕ್ತರೇ, ಈ ಮಾತು ತಮಗೆ ಬೇಕಾದಷ್ಟು ಇನ್ನಾರಿಗೂ ಬೇಕಾಗಿಲ್ಲ. ಜತ್ತ, ಅಕ್ಕಲಕೋಟೆ, ಸೊಲ್ಲಾಪುರದವರು ಮಹಾರಾಷ್ಟ್ರದಲ್ಲಿ ಎಷ್ಟು ಜನ? ಆದೋನಿ, ಮಡಕಶಿರಾದವರು ಆಂಧ್ರದಲ್ಲಿ ಎಷ್ಟು ಜನ? ತಾಳವಾಡಿಯವರು ತಮಿಳುನಾಡಿನಲ್ಲಿ? ತಮ್ಮ ಊರಿನ ಕನ್ನಡ ಶಾಲೆ ಇರಬೇಕೋ ಬೇಡವೋ ಎಂದು ಇಡೀ ರಾಜ್ಯದ ಮತ ಕೇಳಿದರೆ ಏನಾದೀತೆಂದು ಲೆಕ್ಕ ಹಾಕಲು ಮಾಸ್ತರು ಬೇಕಾಗಿಲ್ಲ. ಹಾಗೆ ಕೇಳಬಾರದೆಂದೇ ಸಂವಿಧಾನದಲ್ಲಿ ೨೯, ೩೦ನೆಯ ಅನುಚ್ಛೇದಗಳಿವೆ; ೧೯೫೬ರಲ್ಲಿ ರಾಜ್ಯಗಳ ಗಡಿ ಬದಲಾದಾಗ, ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ತಾಯಿನುಡಿಯಲ್ಲಿ ಪ್ರಾಥಮಿಕ ಶಿಕ್ಷಣದ ಅನುಕೂಲ ಕೊಡಬೇಕೆಂದು ೩೫೦ಎ ಸೇರಿಸಿದರು. ಕಾಗದದ ಮೇಲಿನದು ಶಾಲೆಯ ಬಾಗಿಲಿಗೆ ಎಷ್ಟು ಬಂತೆಂಬುದು ಬೇರೆ ಮಾತು, ಅದನ್ನು ಇನ್ನೊಮ್ಮೆ ಆಡೋಣ. ಎಣಿಕೆಯಲ್ಲಿ ಕಡಿಮೆ ಇದ್ದವರು ತಮ್ಮ ಪಾಲಿಗೆ ಈ ಬೇಲಿ ಬೇಕೆನ್ನುತ್ತಾರೆ. ತಮಗಿಂತಲೂ ಕಡಿಮೆ ಎಣಿಕೆಯವರು ಅದೇ ಬೇಲಿ ಕೇಳಿದಾಗ ಎಣಿಸಿ ನೋಡೋಣ ಎನ್ನಬಾರದು.

ಕ್ಯಾಲಿಫೋರ್ನಿಯಾದ ಅದೇ ಮತಪೆಟ್ಟಿಗೆ ಒಮ್ಮೆ ನಮ್ಮ ದೇಶದ ರೈತರ ಮೇಲೂ ಬಿದ್ದಿತ್ತು. ೧೯೦೦ರ ಆಚೀಚೆ ಪಂಜಾಬಿನಿಂದ ಹೋದ ಒಕ್ಕಲಿಗರು ಅಲ್ಲಿಯ ಇಂಪೀರಿಯಲ್ ಕಣಿವೆ, ಯೂಬಾ ಸಿಟಿಯ ಕಡೆ ಹೊಲ ಮಾಡಿದರು. ೧೯೨೦ರ ನವೆಂಬರಿನಲ್ಲಿ, ಪೌರರಾಗಲು ಅರ್ಹರಲ್ಲದ ಪರದೇಶದವರು ಭೂಮಿ ಹೊಂದದಂತೆ ಬಿಗಿ ಮಾಡುವ ಕಾಯಿದೆ ಮತಕ್ಕೆ ಬಂತು. ಮುಖ್ಯವಾಗಿ ಜಪಾನೀ ರೈತರ ಮೇಲೆ ಕಣ್ಣಿಟ್ಟು ತಂದದ್ದು. ನಾಲ್ಕರಲ್ಲಿ ಮೂರು ಪಾಲು ಜನ ಹೌದೆಂದರು. ೧೯೨೩ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟು ಭಗತ್ ಸಿಂಗ್ ಥಿಂಡ್ ಅವರ ಪ್ರಕರಣದಲ್ಲಿ, ಭಾರತೀಯರು ಬಿಳಿಯರಲ್ಲ, ಪೌರರಾಗಲು ಬಾರದು ಎಂದದ್ದರಿಂದ ಪಂಜಾಬಿಗಳೂ ಆ ಬಲೆಗೆ ಬಿದ್ದರು. ತಾವು ಬೆವರು ಸುರಿಸಿದ ಹೊಲದ ಉತಾರದಲ್ಲಿ ತಮ್ಮ ಹೆಸರಿಲ್ಲ. ಅಲ್ಲಿಯೇ ಹುಟ್ಟಿದ ಮಕ್ಕಳ ಹೆಸರಿಗೋ ನಂಬಿಕೆಯ ಗೆಳೆಯನ ಹೆಸರಿಗೋ ಬರೆಸಿ ಉಳುಮೆ ಮಾಡಬೇಕು. ಊರಿನಿಂದ ಹೆಂಡತಿಯನ್ನು ಕರೆಸಿಕೊಳ್ಳಲು ವಲಸೆಯ ಕಾಯಿದೆ ಬಿಡಲಿಲ್ಲ. ಬಿಳಿಯ ಹೆಣ್ಣನ್ನು ಮದುವೆಯಾಗಲು ರಾಜ್ಯದ ಕಾಯಿದೆ ಬಿಡಲಿಲ್ಲ. ಕಚೇರಿಯ ಗುಮಾಸ್ತ ಇಬ್ಬರ ಮೈಬಣ್ಣ ನೋಡಿ, ಹೊಂದುತ್ತದೆ ಎನಿಸಿದರೆ ಪರವಾನಗಿ ಬರೆದುಕೊಡುತ್ತಿದ್ದ. ಹೀಗೆ ಕೆಲವು ನೂರು ಪಂಜಾಬಿ ರೈತರು ಮೆಕ್ಸಿಕನ್ ಹೆಣ್ಣುಮಕ್ಕಳನ್ನು ಮದುವೆಯಾಗಿ ಸಂಸಾರ ಹೂಡಿದರು. ಒಂದೇ ಒಲೆಯ ಮೇಲೆ ರೊಟ್ಟಿಯೂ ಆಯಿತು, ತೋರ್ತಿಯಾವೂ ಆಯಿತು.

ಬಣ್ಣದ ಆ ಕಾಯಿದೆಯನ್ನು ೧೯೪೮ರಲ್ಲಿ ಕ್ಯಾಲಿಫೋರ್ನಿಯಾದ ಸುಪ್ರೀಂ ಕೋರ್ಟು ಕಿತ್ತು ಹಾಕಿತು. ಆಗಲೂ ನಾಲ್ಕು ಜನ ಒಂದು ಕಡೆ, ಮೂವರು ಒಂದು ಕಡೆ. ಅದನ್ನು ಜನರ ಮತಕ್ಕೆ ಬಿಟ್ಟಿದ್ದರೆ? ಹತ್ತು ವರುಷ ಕಳೆದು ೧೯೫೮ರಲ್ಲಿ ಗ್ಯಾಲಪ್ ಸಂಸ್ಥೆಯವರು ಕೇಳಿದಾಗಲೂ, ಕರಿಯರು ಬಿಳಿಯರು ಮದುವೆಯಾಗುವುದನ್ನು ಒಪ್ಪಿದವರು ಅಮೆರಿಕದಲ್ಲಿ ನೂರಕ್ಕೆ ನಾಲ್ಕೇ ಜನ. ಭೂಮಿಯ ಕಾಯಿದೆಯನ್ನು ಕೋರ್ಟು ೧೯೫೨ರಲ್ಲಿ ಸತ್ತದ್ದೆಂದು ಸಾರಿತು. ಪುಸ್ತಕದಲ್ಲಿ ಉಳಿದಿದ್ದ ಅದರ ಹೆಣವನ್ನು ೧೯೫೬ರ ನವೆಂಬರ್ ೬ರಂದು ಜನರೇ ಮತ ಹಾಕಿ ಹೊರಗೆ ತೆಗೆದರು. ನಮ್ಮಲ್ಲಿ ರಾಜ್ಯಗಳ ಗಡಿ ಬದಲಾಗಿ ಆಗ ಐದೇ ದಿನ. ಅದೇ ದಿನ ಇಂಪೀರಿಯಲ್ ಕಣಿವೆಯ ರೈತ, ಅಮೃತಸರದ ಸೀಮೆಯಲ್ಲಿ ಹುಟ್ಟಿದ ದಲೀಪ್ ಸಿಂಗ್ ಸೌಂದ್ ಅವರನ್ನು ಅಲ್ಲಿಯ ಜನ ಅಮೆರಿಕದ ಸಂಸತ್ತಿಗೆ ಆರಿಸಿ ಕಳಿಸಿದರು. ಸ್ವಂತ ಹೆಸರಿನಲ್ಲಿ ಒಂದು ಎಕರೆ ಇಟ್ಟುಕೊಳ್ಳಲು ಬಾರದಿದ್ದ ಮನುಷ್ಯ!

ಮದುವೆಯ ಪ್ರಸ್ತಾವದ ಕಥೆಯೂ ಇದೇ ದಾರಿ ಹಿಡಿಯಿತು. ೨೦೧೦ರ ಜನವರಿಯಲ್ಲಿ ಸ್ಯಾನ್ ಫ್ರಾನ್ಸಿಸ್ಕೋದ ಕೇಂದ್ರ ನ್ಯಾಯಾಲಯದಲ್ಲಿ ವಿಚಾರಣೆಯಾಯಿತು. ಅದಕ್ಕೆ ಮುಂಚೆ ನ್ಯಾಯಾಧೀಶ ವಾನ್ ವಾಕರ್ ಅವರು, ಇವರು ಮದುವೆಯಾದರೆ ಗಂಡು ಹೆಣ್ಣಿನ ಮದುವೆಗೆ ಯಾವ ಹಾನಿ ಎಂದು ಹೌದು ಪಕ್ಷದ ವಕೀಲರನ್ನು ಕೇಳಿದಾಗ, ನನಗೆ ಗೊತ್ತಿಲ್ಲ ಎಂಬ ಉತ್ತರ ಬಂತು. ಮುಂದಾಗುವುದನ್ನು ಯಾರೂ ಹೇಳಲಾರರು ಎಂಬುದು ತಮ್ಮ ಮಾತಿನ ಅರ್ಥವೆಂದು ಆಮೇಲೆ ಅವರು ವಿವರಿಸಿದರು, ಅದೂ ನ್ಯಾಯವೇ. ಆಗಸ್ಟಿನಲ್ಲಿ ನ್ಯಾಯಾಧೀಶರು ಪ್ರಸ್ತಾವವನ್ನು ರದ್ದು ಮಾಡಿದರು. ಮೇಲಿನ ಕೋರ್ಟುಗಳಲ್ಲಿ ಸುತ್ತಾಡಿ, ೨೦೧೩ರ ಜೂನಿನಲ್ಲಿ ಅಲ್ಲಿ ಮದುವೆಗಳು ಮತ್ತೆ ಮೊದಲಾದವು. ೨೦೧೫ರ ಜೂನ್ ೨೬ರಂದು ಇಡೀ ಅಮೆರಿಕಕ್ಕೆ ಅದೇ ತೀರ್ಪು. ಆದರೂ ಆ ಹದಿನಾಲ್ಕು ಶಬ್ದ ಕ್ಯಾಲಿಫೋರ್ನಿಯಾದ ಸಂವಿಧಾನದಲ್ಲಿ ಹಾಗೆಯೇ ಕೂತಿದ್ದವು. ೨೦೨೪ರ ನವೆಂಬರ್ ೫ರಂದು ನೂರಕ್ಕೆ ೬೨ಕ್ಕೂ ಹೆಚ್ಚು ಮತದಿಂದ ಅವು ಹೋದವು. ಕೊಲೊರಾಡೊ, ಹವಾಯಿ ರಾಜ್ಯಗಳಲ್ಲಿಯೂ ಅದೇ ದಿನ ಅಂಥದೇ ಮಾತುಗಳು ಹೋದವು. ಹದಿನಾರು ವರುಷದಲ್ಲಿ ಅದೇ ಊರು, ಬಹುಮಟ್ಟಿಗೆ ಅದೇ ಜನ. ಫಿಲಿಸ್ ಲಿಯಾನ್ ಅವರು ೨೦೨೦ರಲ್ಲಿ ೯೫ನೆಯ ವಯಸ್ಸಿನಲ್ಲಿ ತೀರಿಕೊಂಡಿದ್ದರು. ಬಹುಮತ ತನ್ನ ಮನಸ್ಸು ಬದಲಿಸಲು ಹದಿನಾರು ವರುಷ ತೆಗೆದುಕೊಳ್ಳಬಹುದು. ಎಂಬತ್ತು ದಾಟಿದವರಿಗೆ ಅಷ್ಟು ಪುರಸೊತ್ತು ಎಲ್ಲಿಂದ ಬರಬೇಕು?

ಕಲ್ಯಾಣದಲ್ಲಿ ಹರಳಯ್ಯನವರ ಮಗನಿಗೂ ಮಧುವರಸರ ಮಗಳಿಗೂ ನಡೆದ ಮದುವೆ ತಮಗೆಲ್ಲ ಗೊತ್ತು. ಆ ಮದುವೆಯೂ ಈ ಮದುವೆಯೂ ಒಂದೇ ಎಂದು ನಾವು ಹೇಳಿದೆವೆಂದು ಯಾರೂ ಊರಲ್ಲಿ ಹೇಳಬೇಡಿರಿ. ಒಂದೇ ಮಾತು ಕೇಳುತ್ತೇವೆ. ಎರಡೂ ಮನೆಯವರು ಒಪ್ಪಿದ್ದರು, ವಧೂವರರು ಒಪ್ಪಿದ್ದರು, ಶರಣರು ಹರಸಿದ್ದರು. ಬಿಜ್ಜಳನ ಅರಮನೆ ಒಪ್ಪಲಿಲ್ಲ. ಅಂದು ಅರಸ ಆನೆಯ ಕಾಲಿಗೆ ಕಟ್ಟಿಸುವ ಬದಲು ಕಲ್ಯಾಣದ ಓಣಿ ಓಣಿಯಲ್ಲಿ ಕೈ ಎತ್ತಿಸಿ ಎಣಿಸಿದ್ದರೆ, ಆ ಮದುವೆಯ ಪರವಾಗಿ ಎಷ್ಟು ಕೈ ಏಳುತ್ತಿದ್ದವು? ಶಿಕ್ಷೆ ಅರಸನದೆಂದು ಹೇಳಿ ಊರು ಕೈ ತೊಳೆದುಕೊಳ್ಳುವ ಅವಕಾಶವೂ ಆಗ ಇರುತ್ತಿರಲಿಲ್ಲ.

ನಮ್ಮ ದೇಶದ ಮಾತು ಬೇರೆ ಹಂತದಲ್ಲಿದೆ. ೨೦೧೮ರ ಸೆಪ್ಟೆಂಬರ್ ೬ರಂದು ಸುಪ್ರೀಂ ಕೋರ್ಟು, ಇಂಥವರ ಬಾಳು ಅಪರಾಧವಲ್ಲ ಎಂದಿತು. ಇದು ಕಾಯಿಲೆಯೂ ಅಲ್ಲವೆಂದು ದೇಶದ ಮನೋವೈದ್ಯರ ಸಂಘ ಅದೇ ವರುಷ ಹೇಳಿತು. ಮದುವೆಯ ಹಕ್ಕು ಕೇಳಿದಾಗ ಮಾತ್ರ ೨೦೨೩ರ ಅಕ್ಟೋಬರ್ ೧೭ರಂದು ಐವರು ನ್ಯಾಯಾಧೀಶರೂ, ಅದು ಕೋರ್ಟು ಕೊಡುವಂಥದಲ್ಲ, ಶಾಸನ ಮಾಡುವವರ ಕೆಲಸ ಎಂದರು. ೨೦೨೫ರ ಜನವರಿಯಲ್ಲಿ ಮರುಪರಿಶೀಲನೆಯ ಅರ್ಜಿಗಳೂ ವಜಾ ಆದವು. ನಡುವೆ ೨೦೨೪ರಲ್ಲಿ ಕೇಂದ್ರ ಸರಕಾರ, ಅಂಥ ಜೋಡಿಗಳು ಬ್ಯಾಂಕಿನಲ್ಲಿ ಜಂಟಿ ಖಾತೆ ತೆರೆಯಲು ಅಡ್ಡಿಯಿಲ್ಲ, ಪಡಿತರ ಚೀಟಿಯಲ್ಲಿ ಒಂದೇ ಮನೆಯವರೆಂದು ಎಣಿಸಬೇಕು ಎಂದು ತಿಳಿಸಿತು. ಮುಂದಿನದು ಸಂಸತ್ತಿನ ಮುಂದೆ ಎಂದು ಬಂದೀತೋ ನೋಡಬೇಕು.

ಅಲ್ಲಿಯವರೆಗೆ ನಮ್ಮ ಸೀಮೆಯಲ್ಲಿ ಈ ಪ್ರಶ್ನೆ ಮತಪೆಟ್ಟಿಗೆಗೆ ಬರುವುದಿಲ್ಲ, ಅಡಿಗೆಮನೆಗೆ ಬರುತ್ತದೆ. ಮಗ ಮದುವೆ ಒಲ್ಲೆ ಎನ್ನುತ್ತಾನೆ, ಮಗಳು ಒಲ್ಲೆ ಎನ್ನುತ್ತಾಳೆ. ಕಾರಣ ಬಾಯಿಬಿಟ್ಟು ಹೇಳಲಾರರು. ಮದುವೆ ಮಾಡಿದರೆ ಎಲ್ಲ ಸರಿಹೋಗುತ್ತದೆ ಎಂದು ಹಿರಿಯರು ಗಡಿಬಿಡಿಯಿಂದ ಹಂದರ ಹಾಕುತ್ತಾರೆ. ಸರಿಹೋಗುವುದಿಲ್ಲ. ಏನೂ ಅರಿಯದ ಇನ್ನೊಂದು ಮನೆಯ ಹೆಣ್ಣುಮಗಳು ಬಂದು ಬಾಗಿಲಲ್ಲಿ ನಿಂತು ಜೀವನವಿಡೀ ತನ್ನಲ್ಲೇ ಏನೋ ತಪ್ಪಿದೆಯೆಂದು ಕೊರಗುತ್ತಾಳೆ. ಬೀಗರು ನ್ಯಾಯಕ್ಕೆ ಕೂತು, ಕೊಟ್ಟ ಬಂಗಾರ ತೂಕ ಮಾಡಿ, ಎರಡು ಮನೆತನ ಒಡೆಯುತ್ತವೆ. ಇದಕ್ಕೆ ಯಾವ ಸಂವಿಧಾನ ತಿದ್ದುವುದೂ ಬೇಕಾಗಿಲ್ಲ. ಹಂದರದ ಗೂಟ ಹುಗಿಯುವ ಮುಂಚೆ ಮಗುವಿನ ಮಾತು ಒಂದು ಸಲ ಕೇಳಿದರೆ ಸಾಕು.

ಅಂಥ ಮಾತು ತಮ್ಮ ಮನೆಯಲ್ಲಿ ಎದ್ದಿದ್ದರೆ ಮಗುವನ್ನು ಮನೆಯಿಂದ ಹೊರಗೆ ಹಾಕಬೇಡಿರಿ, ಊರ ಕಟ್ಟೆಗೂ ಒಯ್ಯಬೇಡಿರಿ. ಅಮಾವಾಸ್ಯೆಯ ದಿನ ಶ್ರೀಮಠದಲ್ಲಿ ಗದ್ದಲವಿರುತ್ತದೆ. ಮರುದಿನ ಮಧ್ಯಾಹ್ನದ ಪ್ರಸಾದದ ನಂತರ ಬನ್ನಿರಿ. ಮಗುವನ್ನೂ ಕರೆತನ್ನಿರಿ, ಕೂತು ಮಾತಾಡೋಣ.

ಶರಣು ಶರಣಾರ್ಥಿ.